ಮೂರು ಗಂಟೆಯ ಆರ್ಕ್ಟಿಕ್: ಗೈಡ್ ಜೊತೆ ಲಾಂಗ್‌ಇಯರ್‌ಬೈಯೆನ್ ನೋಡುವುದು ಹೇಗೆ

ಓಸ್ಲೋದಿಂದ ನೇರ ಉತ್ತರಕ್ಕೆ ಸುಮಾರು ಮೂರು ಗಂಟೆ ವಿಮಾನದಲ್ಲಿ ಕೂತರೆ ಲಾಂಗ್‌ಇಯರ್‌ಬೈಯೆನ್ ಸಿಗುತ್ತದೆ. ನಾರ್ವೆಗೆ ಸೇರಿದ ಸ್ವಾಲ್‌ಬಾರ್ಡ್ ದ್ವೀಪಗಳ ಮುಖ್ಯ ಊರು. 78 ಡಿಗ್ರಿ ಉತ್ತರ ಅಕ್ಷಾಂಶ. ಅಲ್ಲಿಂದ ಉತ್ತರ ಧ್ರುವಕ್ಕೆ ಸುಮಾರು 1,300 ಕಿಲೋಮೀಟರ್ ಅಷ್ಟೇ. ಊರಲ್ಲಿರುವ ಜನ ಸುಮಾರು 2,500. ನಮ್ಮ ಕಡೆಯ ಒಂದು ಹಳ್ಳಿಯಷ್ಟು. ಆದರೆ ಶಾಲೆ, ಚರ್ಚ್, ಸೂಪರ್‌ಮಾರ್ಕೆಟ್, ವಿಮಾನ ನಿಲ್ದಾಣ, ಮ್ಯೂಸಿಯಂ ಎಲ್ಲ ಇದೆ. ಹಡಗಿನಲ್ಲಿ ಹತ್ತು ಹದಿನೈದು ದಿನ ಕಳೆಯುವಷ್ಟು ರಜೆ, ದುಡ್ಡು ಇಲ್ಲದವರಿಗೂ ಆರ್ಕ್ಟಿಕ್ ನೋಡುವ ಒಂದು ಒಳ್ಳೆಯ ದಾರಿ ಇದು.

ನಾನು ಅವ್ವನನ್ನು ಕರೆದುಕೊಂಡು ಜೂನ್ ಕೊನೆಯ ವಾರ ಹೋಗಿದ್ದೆ. ಅವ್ವನಿಗೆ ಮಂಡಿನೋವು. ಹೆಚ್ಚು ನಡೆಯಲು ಆಗುವುದಿಲ್ಲ. ಹಾಗಾಗಿ ಮಿನಿ ಬಸ್ಸಿನಲ್ಲಿ ಊರು ಸುತ್ತಿಸುವ ಚಿಕ್ಕ ಟೂರ್ ತೆಗೆದುಕೊಂಡೆವು. ಮೂರು ಗಂಟೆಯೊಳಗೆ ಮುಗಿಯಿತು. ಹೋಗುವ ಮುಂಚೆ ಇಷ್ಟು ಸಾಕಾ ಅನ್ನೋ ಅನುಮಾನ ನನಗೂ ಇತ್ತು. ಈಗ ಕೇಳಿದವರಿಗೆಲ್ಲ ಮೊದಲು ಇದನ್ನೇ ಮಾಡಿ ಅನ್ನುತ್ತೇನೆ. ಒಂದೇ ಷರತ್ತು: ಹಿಮಕರಡಿಯನ್ನು ಹುಡುಕಿಕೊಂಡು ಹೋಗಬೇಡಿ. ಅದು ಕಾಣುವ ಸಾಧ್ಯತೆ ತೀರಾ ಕಡಿಮೆ. ಅದೊಂದನ್ನೇ ಕಾಯುತ್ತಾ ಕೂತರೆ ಕಣ್ಣೆದುರಿಗೆ ಇರುವುದು ತಪ್ಪಿಹೋಗುತ್ತದೆ.

ಮೊದಲು ತಿಂಗಳು ಆರಿಸಿ, ಆಮೇಲೆ ಟಿಕೆಟ್

ಇಲ್ಲಿ ತಿಂಗಳು ಬದಲಾದರೆ ಊರೇ ಬೇರೆ. ಸುಮಾರು ಅಕ್ಟೋಬರ್ 26ರಿಂದ ಫೆಬ್ರವರಿ ಮಧ್ಯದವರೆಗೆ ಸೂರ್ಯ ಹುಟ್ಟುವುದೇ ಇಲ್ಲ. ಅದರಲ್ಲೂ ನವೆಂಬರ್ ಮಧ್ಯದಿಂದ ಜನವರಿ ಕೊನೆಯವರೆಗೆ ಮಧ್ಯಾಹ್ನ ಹನ್ನೆರಡಕ್ಕೂ ಕಗ್ಗತ್ತಲು. ಸುಮಾರು ಏಪ್ರಿಲ್ 20ರಿಂದ ಆಗಸ್ಟ್ 22ರವರೆಗೆ ಸೂರ್ಯ ಮುಳುಗುವುದೇ ಇಲ್ಲ.

ತುಂಬಾ ಜನ ಇಲ್ಲೇ ಎಡವುತ್ತಾರೆ. ಬೇಸಿಗೆ ರಜೆಯಲ್ಲಿ ಹೋಗಿ, ಧ್ರುವಪ್ರಭೆ, ಅಂದರೆ ಆಕಾಶದಲ್ಲಿ ಕುಣಿಯುವ ಹಸಿರು ಬೆಳಕು ನೋಡಬೇಕು ಅಂದುಕೊಳ್ಳುತ್ತಾರೆ. ರಾತ್ರಿಯೇ ಆಗದ ಊರಲ್ಲಿ ಅದು ಕಾಣುವುದು ಹೇಗೆ? ಆ ಬೆಳಕೇ ಮುಖ್ಯ ಅನ್ನುವವರು ಚಳಿಗಾಲದಲ್ಲಿ ಹೋಗಬೇಕು. ನಿಜ ಹೇಳಬೇಕೆಂದರೆ ಅವರಿಗೆ ಉತ್ತರ ನಾರ್ವೆಯ ಟ್ರಾಮ್ಸೊ ನಗರ ಇನ್ನೂ ವಾಸಿ. ಹೋಗುವುದು ಸುಲಭ, ಚಳಿ ಕಡಿಮೆ, ಪ್ರಭೆ ಮೂಡುವ ವಲಯ ಸರಿಯಾಗಿ ಅದರ ತಲೆಯ ಮೇಲೇ ಬರುತ್ತದೆ. ಸ್ವಾಲ್‌ಬಾರ್ಡಿನದು ಬೇರೆಯದೇ ವಿಶೇಷ. ಅಲ್ಲಿ ಹಗಲೂ ಕತ್ತಲಾಗಿರುವುದರಿಂದ ಮಧ್ಯಾಹ್ನದ ಹೊತ್ತಿಗೂ ಪ್ರಭೆ ಕಂಡೀತು.

ಮಾರ್ಚ್‌ನಿಂದ ಮೇ ಆರಂಭದವರೆಗೆ ಹಿಮವೂ ಇರುತ್ತದೆ, ಬೆಳಕೂ ಇರುತ್ತದೆ. ಸ್ನೋ ಸ್ಕೂಟರ್, ನಾಯಿ ಎಳೆಯುವ ಸ್ಲೆಡ್ಜ್ ಎಲ್ಲ ಈ ಕಾಲದ್ದು. ಸೂರ್ಯ ಫೆಬ್ರವರಿಯಲ್ಲೇ ಮರಳಿದರೂ ಸುತ್ತಲಿನ ಬೆಟ್ಟಗಳ ಮರೆಯಿಂದಾಗಿ ಊರಿಗೆ ಬಿಸಿಲು ಬೀಳುವುದು ಮಾರ್ಚ್ 8ರ ಹೊತ್ತಿಗೆ. ಆ ದಿನ ಊರಿನ ಜನ ಹಳೆಯ ಆಸ್ಪತ್ರೆಯ ಮೆಟ್ಟಿಲುಗಳ ಹತ್ತಿರ ಸೇರಿ ಮೊದಲ ಬಿಸಿಲಿಗೆ ಕಾಯುತ್ತಾರೆ. ಒಂದು ವಾರ ಹಬ್ಬ.

ವಯಸ್ಸಾದವರು, ಮಕ್ಕಳು ಜೊತೆಗಿದ್ದರೆ ಜೂನ್ ಮಧ್ಯದಿಂದ ಆಗಸ್ಟ್ ಮಧ್ಯದವರೆಗೆ ಹೋಗಿ. ಜುಲೈನ ಸರಾಸರಿ ಉಷ್ಣತೆ 6–7 ಡಿಗ್ರಿ. ರಸ್ತೆಯಲ್ಲಿ ಹಿಮ ಇರುವುದಿಲ್ಲ, ಜಾರುವ ಭಯ ಇಲ್ಲ. ಹಕ್ಕಿಗಳು, ಹೂಗಳು ಇರುವುದೂ ಆಗಲೇ.

ವೀಸಾ: ಎರಡು ಬಾರಿ ಒಳಗೆ ಹೋಗುವಂಥದ್ದು

ಈ ಒಂದು ವಿಷಯವನ್ನು ದಯವಿಟ್ಟು ಎರಡು ಸಲ ಓದಿ. ಸ್ವಾಲ್‌ಬಾರ್ಡ್ ನಾರ್ವೆಯದೇ ಆದರೂ ಷೆಂಗೆನ್ ವಲಯದ, ಅಂದರೆ ಒಂದೇ ವೀಸಾದಲ್ಲಿ ತಿರುಗಾಡಬಹುದಾದ ಯುರೋಪಿನ ದೇಶಗಳ ಕೂಟದ, ಹೊರಗಿದೆ. ಸ್ವಾಲ್‌ಬಾರ್ಡಿಗೆ ಅಂತ ಯಾರಿಗೂ ವೀಸಾ ಬೇಡ. 1920ರ ಸ್ವಾಲ್‌ಬಾರ್ಡ್ ಒಪ್ಪಂದ ನಾರ್ವೆಗೆ ದ್ವೀಪಗಳ ಒಡೆತನ ಕೊಟ್ಟಿತು. ಜೊತೆಗೆ ಸಹಿ ಹಾಕಿದ ದೇಶಗಳ ಜನರಿಗೆಲ್ಲ ಅಲ್ಲಿ ಸಮಾನ ಅವಕಾಶ ಇರಬೇಕು ಅಂತಲೂ ಹೇಳಿತು. ಬ್ರಿಟಿಷರ ಆಳ್ವಿಕೆಯ ಕಾಲದಲ್ಲೇ ಭಾರತವೂ ಆ ಪಟ್ಟಿಯಲ್ಲಿ ಸೇರಿಕೊಂಡಿತ್ತು.

ಆದರೆ ವಿಮಾನ ಹೋಗುವುದು ಓಸ್ಲೋ ಇಲ್ಲವೇ ಟ್ರಾಮ್ಸೊ ಮೂಲಕ. ಅಂದರೆ ನೀವು ಒಮ್ಮೆ ಷೆಂಗೆನ್ ಒಳಗೆ ಹೋಗುತ್ತೀರಿ, ಸ್ವಾಲ್‌ಬಾರ್ಡಿಗೆ ಹೊರಟಾಗ ಹೊರಗೆ ಬರುತ್ತೀರಿ, ವಾಪಸ್ ಬರುವಾಗ ಮತ್ತೆ ಒಳಗೆ ಹೋಗುತ್ತೀರಿ. ಹಾಗಾಗಿ ಒಂದೇ ಪ್ರವೇಶದ ವೀಸಾ ಸಾಲದು. ಎರಡು ಪ್ರವೇಶದ್ದೋ, ಹಲವು ಪ್ರವೇಶದ್ದೋ ಬೇಕೇ ಬೇಕು.

ನಮ್ಮ ಅರ್ಜಿ ತುಂಬಿಕೊಟ್ಟ ಏಜೆಂಟರು ಒಂದೇ ಪ್ರವೇಶ ಅಂತ ಗುರುತು ಹಾಕಿದ್ದರು. ನಾರ್ವೆ ಅಂದರೆ ನಾರ್ವೆ ಅಲ್ವಾ ಅನ್ನುವುದು ಅವರ ಲೆಕ್ಕ. ಅರ್ಜಿ ಸಲ್ಲಿಸುವ ಹಿಂದಿನ ರಾತ್ರಿ ಸುಮ್ನೆ ಒಮ್ಮೆ ತಿರುವಿ ಹಾಕಿದಾಗ ಕಣ್ಣಿಗೆ ಬಿತ್ತು. ಹೊಸ ಅರ್ಜಿ ತುಂಬಿದೆವು. ಅದು ಕಣ್ಣಿಗೆ ಬೀಳದೇ ಹೋಗಿದ್ದರೆ ವಾಪಸ್ ಬರುವಾಗ ದೊಡ್ಡ ಪಜೀತಿಯಾಗುತ್ತಿತ್ತು. ಅರ್ಜಿಯಲ್ಲಿ ಎರಡು ಇಲ್ಲವೇ ಹಲವು ಪ್ರವೇಶ ಅಂತ ಗುರುತು ಹಾಕಿ, ಪ್ರಯಾಣದ ವಿವರ ಬರೆಯುವಲ್ಲೂ ಸ್ವಾಲ್‌ಬಾರ್ಡಿಗೆ ಹೋಗಿಬರುವ ದಿನಗಳನ್ನು ಬಿಡಿಸಿ ಬರೆಯಿರಿ. ವೀಸಾ ಕೈಗೆ ಬಂದ ಮೇಲೆ ಎಷ್ಟು ಪ್ರವೇಶ ಕೊಟ್ಟಿದ್ದಾರೆ ಅಂತ ಮೊದಲು ನೋಡಿ.

ಅರ್ಜಿಯನ್ನು ಪ್ರಯಾಣಕ್ಕೆ ಆರು ತಿಂಗಳು ಮುಂಚಿನಿಂದ ಹಾಕಬಹುದು. ಬೇಸಿಗೆಗೆ ಹೋಗುವವರು ತಡ ಮಾಡಬೇಡಿ. ವಿಮೆ ಕನಿಷ್ಠ 30,000 ಯೂರೋದ್ದು ಇರಬೇಕು. ಅದು ಷೆಂಗೆನ್ ನಿಯಮ. ಅದಕ್ಕಿಂತ ಮುಖ್ಯವಾದದ್ದು ಇನ್ನೊಂದಿದೆ. ಆ ವಿಮೆ ಸ್ವಾಲ್‌ಬಾರ್ಡಿಗೂ ಅನ್ವಯಿಸುತ್ತದೆಯಾ, ಹುಡುಕಿ ರಕ್ಷಿಸುವ ಖರ್ಚು, ವಿಮಾನದಲ್ಲಿ ಆಸ್ಪತ್ರೆಗೆ ಸಾಗಿಸುವ ಖರ್ಚು ಸೇರಿದೆಯಾ ಅಂತ ಬರಹದಲ್ಲೇ ಕೇಳಿ ತಿಳಿದುಕೊಳ್ಳಿ. ಅಲ್ಲಿರುವುದು ಚಿಕ್ಕ ಆಸ್ಪತ್ರೆ. ಕಾಯಿಲೆ ಜೋರಾದರೆ ನಾರ್ವೆಯ ಮುಖ್ಯಭೂಮಿಗೇ ಕಳಿಸುತ್ತಾರೆ. ಹೆರಿಗೆಗೂ ಅಷ್ಟೇ, ಊರಿನ ಗರ್ಭಿಣಿಯರು ದಿನ ಹತ್ತಿರ ಬರುವ ಮುಂಚೆಯೇ ಹೊರಟುಹೋಗುತ್ತಾರೆ. "ಅಲ್ಲಿ ಸಾಯುವುದು ಕಾನೂನುಬಾಹಿರ" ಅನ್ನುವ ಮಾತು ವಾಟ್ಸಾಪ್‌ನಲ್ಲಿ ತಿರುಗುತ್ತಿರುತ್ತದೆ. ಅಂಥ ಕಾನೂನು ಇಲ್ಲ. ನೆಲ ಸದಾ ಹೆಪ್ಪುಗಟ್ಟಿರುವುದರಿಂದ ಶವಪೆಟ್ಟಿಗೆ ಹೂಳುವುದನ್ನು ನಿಲ್ಲಿಸಿದ್ದಾರೆ, ಅಷ್ಟೇ.

ಎಷ್ಟು ದಿನ, ಯಾವ ಟೂರ್

ಮೂರು ರಾತ್ರಿ ಇಟ್ಟುಕೊಳ್ಳಿ. ಗಾಳಿ, ಮಂಜು ಹೆಚ್ಚಾದರೆ ವಿಮಾನವೂ ನಿಲ್ಲುತ್ತದೆ, ದೋಣಿಯೂ ನಿಲ್ಲುತ್ತದೆ. ಒಂದೇ ದಿನ ಇಟ್ಟುಕೊಂಡು ಹೋದರೆ ಪೂರ್ತಿ ಕೈತಪ್ಪಬಹುದು. ಊರು ಸುತ್ತುವ ಟೂರನ್ನು ಮೊದಲ ದಿನವೇ ಇಟ್ಟುಕೊಳ್ಳಿ. ಊರಿನ ನಕ್ಷೆ ತಲೆಗೆ ಬರುತ್ತದೆ. ಗೈಡ್ ಹತ್ತಿರ ಉಳಿದ ದಿನಗಳಿಗೆ ಏನು ಮಾಡಲಿ ಅಂತ ಕೇಳಬಹುದು.

ಗೈಡ್ ಯಾಕೆ, ನಾವೇ ತಿರುಗಾಡಬಾರದಾ ಅಂತ ಅನಿಸಬಹುದು. ಊರೊಳಗೆ ಧಾರಾಳವಾಗಿ ತಿರುಗಾಡಿ, ಯಾವ ಭಯವೂ ಇಲ್ಲ. ಊರಿನ ಗಡಿ ದಾಟಿದರೆ ಮಾತ್ರ ಹಿಮಕರಡಿಯನ್ನು ಹೆದರಿಸಿ ಓಡಿಸುವ ಸಾಧನ ಕೈಯಲ್ಲಿರಲೇಬೇಕು. ಅದು ಕಾನೂನು. ಬಂದೂಕೂ ಇರಲಿ ಅಂತ ಅಲ್ಲಿನ ಆಡಳಿತ ಹೇಳುತ್ತದೆ. 2020ರ ಆಗಸ್ಟ್‌ನಲ್ಲಿ ವಿಮಾನ ನಿಲ್ದಾಣದ ಹತ್ತಿರದ ಕ್ಯಾಂಪಿನಲ್ಲೇ ಒಬ್ಬರು ಕರಡಿಗೆ ಬಲಿಯಾದರು. ಹಾಗಾಗಿ ನಮ್ಮಂಥವರಿಗೆ ಗೈಡ್ ಬೇಕೇ ಬೇಕು.

ಚಿಕ್ಕ ಟೂರ್‌ಗಳಲ್ಲಿ ಮುಖ್ಯವಾಗಿ ಮೂರು ಬಗೆ. ಮಿನಿ ಬಸ್ಸಿನಲ್ಲಿ ಊರು ಮತ್ತು ಸುತ್ತಲಿನ ಕಣಿವೆ, ಎರಡು ಮೂರು ಗಂಟೆ. ಮುಚ್ಚಿದ ಕಲ್ಲಿದ್ದಲು ಗಣಿ ನಂಬರ್ 3ರ ಒಳಗೆ ಸುತ್ತು, ಸುಮಾರು ಮೂರು ಗಂಟೆ. ದೋಣಿಯಲ್ಲಿ ಹಿಮನದಿಯ ಹತ್ತಿರಕ್ಕೆ, ಇದು ಅರ್ಧ ದಿನದಿಂದ ಇಡೀ ದಿನ. ದೋಣಿಯ ಟೂರ್‌ಗೆ ವಾಂತಿ ಮಾತ್ರೆ ಇಟ್ಟುಕೊಳ್ಳಿ.

ಬುಕ್ ಮಾಡುವ ಮುಂಚೆ ಇಮೇಲ್‌ನಲ್ಲಿ ಕೆಲವು ಪ್ರಶ್ನೆ ಕೇಳಿ. ಹೋಟೆಲಿನಿಂದಲೇ ಕರೆದುಕೊಂಡು ಹೋಗುತ್ತೀರಾ? ಬಸ್ಸಿನಿಂದ ಎಷ್ಟು ಸಲ ಇಳಿಯಬೇಕು, ಎಷ್ಟು ದೂರ ನಡೆಯಬೇಕು? ನಡುವೆ ಶೌಚಾಲಯ ಸಿಗುತ್ತದಾ? ಗುಂಪಿನಲ್ಲಿ ಎಷ್ಟು ಜನ? ಹವಾಮಾನ ಕೆಟ್ಟು ನೀವೇ ರದ್ದು ಮಾಡಿದರೆ ದುಡ್ಡು ವಾಪಸ್ ಬರುತ್ತದಾ? ಚಳಿಗಾಲವಾದರೆ ಮೇಲುಡುಗೆ, ಬೂಟು ನೀವೇ ಕೊಡುತ್ತೀರಾ? ಶೌಚಾಲಯದ ಪ್ರಶ್ನೆ ಕೇಳಲು ಸಂಕೋಚ ಬೇಡ. ಊರ ಹೊರಗೆ ಒಂದು ಮರವೂ ಇಲ್ಲ, ಪೊದೆಯೂ ಇಲ್ಲ. ಇಡೀ ದ್ವೀಪದಲ್ಲಿ ಮರ ಅನ್ನೋದೇ ಬೆಳೆಯುವುದಿಲ್ಲ.

ಕರಡಿ ತೋರಿಸುತ್ತೇವೆ ಅಂತ ಭರವಸೆ ಕೊಡುವವರನ್ನು ನಂಬಬೇಡಿ. 2025ರಿಂದ ನಿಯಮ ಬಿಗಿಯಾಗಿದೆ. ಕರಡಿಯಿಂದ ಕನಿಷ್ಠ 300 ಮೀಟರ್ ದೂರ ಇರಬೇಕು. ಮರಿಗಳ ಜೊತೆ ಓಡಾಡುವ ಕಾಲವಾದ ಮಾರ್ಚ್ 1ರಿಂದ ಜೂನ್ 30ರವರೆಗೆ 500 ಮೀಟರ್. ಹುಡುಕಿಕೊಂಡು, ಬೆನ್ನಟ್ಟಿಕೊಂಡು ಹೋಗುವಂತಿಲ್ಲ. ನನಗಂತೂ ಈ ನಿಯಮ ಇಷ್ಟವಾಯಿತು. ಅದು ಅವುಗಳ ಮನೆ, ನಾವು ಹೋಗಿರುವುದು ಬರೀ ಮೂರು ದಿನಕ್ಕೆ.

ಬಟ್ಟೆ: ಹತ್ತಿ ಬಿಟ್ಟು ಉಣ್ಣೆ

ಅವ್ವ ಊರಿನಿಂದಲೇ ತಯಾರಿ ಮಾಡಿಕೊಂಡು ಬಂದಿದ್ದಳು. ಎರಡು ಹತ್ತಿ ಬನಿಯನ್, ಅದರ ಮೇಲೆ ಹತ್ತಿಯ ಕುಪ್ಪಸ, ಮೇಲೆ ಎರಡು ಸ್ವೆಟರ್. ಬಸ್ಸಿನಲ್ಲಿ ಹೀಟರ್ ಜೋರಾಗಿತ್ತು. ಹತ್ತು ನಿಮಿಷಕ್ಕೆ ಬೆವರಿದಳು. ಆಮೇಲೆ ಬಸ್ ನಿಂತಿತು. ಇಳಿದದ್ದೇ ತಡ, ಸಮುದ್ರದ ಕಡೆಯಿಂದ ಗಾಳಿ ಬೀಸಿತು. ಒದ್ದೆಯಾದ ಹತ್ತಿ ಬೆನ್ನಿಗೆ ಅಂಟಿಕೊಂಡು ತಣ್ಣಗಾಗಿ, ಗಡಗಡ ನಡುಗಿಬಿಟ್ಟಳು. ಆಗ ಉಷ್ಣತೆ ಸೊನ್ನೆಗಿಂತ ಮೇಲೇ ಇತ್ತು!

ತಪ್ಪು ಅವಳದಲ್ಲ, ನನ್ನದು. ಮೊದಲೇ ಹೇಳಬೇಕಿತ್ತು. ಹತ್ತಿ ಬೆವರು ಹೀರಿ ಹಿಡಿದಿಟ್ಟುಕೊಳ್ಳುತ್ತದೆ, ಬೇಗ ಒಣಗುವುದಿಲ್ಲ. ಉಣ್ಣೆ ಒದ್ದೆಯಾದರೂ ಸ್ವಲ್ಪ ಬೆಚ್ಚಗೆ ಇಡುತ್ತದೆ. ಆದ್ದರಿಂದ ಮೈಗೆ ತಾಗುವ ಬಟ್ಟೆ ತೆಳು ಉಣ್ಣೆಯದೋ, ಥರ್ಮಲ್‌ದೋ ಇರಲಿ. ಅದರ ಮೇಲೆ ಸ್ವೆಟರ್ ಅಥವಾ ಫ್ಲೀಸ್. ಎಲ್ಲಕ್ಕಿಂತ ಮೇಲೆ ಗಾಳಿ, ನೀರು ತೂರದ ಜಾಕೆಟ್. ಬಸ್ ಹತ್ತಿದ ಕೂಡಲೇ ಜಾಕೆಟ್ ಬಿಚ್ಚಿ, ಇಳಿಯುವ ಮುಂಚೆ ಹಾಕಿಕೊಳ್ಳಿ. ಸೀರೆ ಉಡುವವರು ಒಳಗೆ ಉಣ್ಣೆಯ ಲೆಗಿಂಗ್ಸ್ ಹಾಕಿಕೊಂಡರೆ ಬೇಸಿಗೆಯಲ್ಲಿ ನಡೆಯುತ್ತದೆ. ಆದರೂ ಗಾಳಿಗೆ ಸೆರಗು, ನೆರಿಗೆ ಹಿಡಿದುಕೊಳ್ಳುವುದೇ ಕೆಲಸವಾಗುತ್ತದೆ. ಎರಡನೇ ದಿನ ಅವ್ವ ನನ್ನ ಟ್ರ್ಯಾಕ್ ಪ್ಯಾಂಟ್ ಹಾಕಿಕೊಂಡು ಹಾಯಾಗಿದ್ದಳು.

ತಲೆಗೆ ನಮ್ಮ ಮಂಕಿ ಕ್ಯಾಪ್‌ಗಿಂತ ಒಳ್ಳೆಯದು ಇನ್ನೊಂದಿಲ್ಲ. ಕಿವಿ, ಕುತ್ತಿಗೆ ಎರಡೂ ಮುಚ್ಚುತ್ತದೆ. ಶೂ ಒಂದು ಸೈಜ್ ದೊಡ್ಡದಿರಲಿ. ದಪ್ಪ ಕಾಲುಚೀಲ ಹಾಕಿದ ಮೇಲೂ ಬೆರಳು ಆಡಿಸಲು ಆಗಬೇಕು. ಬಿಗಿ ಶೂಗೆ ಎರಡು ಜೊತೆ ಕಾಲುಚೀಲ ತುರುಕಿದರೆ ರಕ್ತ ಓಡಾಡದೆ ಕಾಲು ಇನ್ನಷ್ಟು ತಣ್ಣಗಾಗುತ್ತದೆ. ಚಳಿಗಾಲದಲ್ಲಿ ಹೋಗುವವರು ಬೆರಳು ಬಿಡಿಬಿಡಿಯಾಗಿರುವ ಗ್ಲೌಸ್ ಬದಲು ನಾಲ್ಕೂ ಬೆರಳು ಒಟ್ಟಿಗೆ ಕೂರುವ ದಪ್ಪ ಗ್ಲೌಸ್ ತೆಗೆದುಕೊಳ್ಳಿ. ಉಷ್ಣತೆ ಮೈನಸ್ 20ಕ್ಕೂ ಕೆಳಗೆ ಇಳಿಯುವುದುಂಟು.

ಮೊಬೈಲನ್ನು ಜಾಕೆಟ್ಟಿನ ಒಳಜೇಬಿನಲ್ಲಿ ಇಡಿ. ಚಳಿಗೆ ಬ್ಯಾಟರಿ ಇದ್ದಕ್ಕಿದ್ದಂತೆ ಖಾಲಿಯಾಗುತ್ತದೆ. ಕೊಬ್ಬರಿ ಎಣ್ಣೆ ಕಲ್ಲಿನ ಹಾಗೆ ಗಟ್ಟಿಯಾಗುತ್ತದೆ, ತುಟಿಗೆ ವ್ಯಾಸಲೀನ್ ಒಯ್ಯಿರಿ. ಬೇಸಿಗೆಯಲ್ಲಿ ಕಣ್ಣಿಗೆ ಕಟ್ಟಿಕೊಳ್ಳುವ ಪಟ್ಟಿಯೂ ಬೇಕು. ರಾತ್ರಿ ಎರಡಕ್ಕೂ ಕಿಟಕಿಯಲ್ಲಿ ಬಿಸಿಲು ಹೊಡೆಯುತ್ತಿರುತ್ತದೆ.

ಇನ್ನೊಂದು: ಚೆನ್ನಾಗಿರುವ, ತೂತಿಲ್ಲದ ಕಾಲುಚೀಲ ಹಾಕಿಕೊಳ್ಳಿ. ಹೋಟೆಲು, ಮ್ಯೂಸಿಯಂ, ಚರ್ಚ್, ಎಷ್ಟೋ ಕಡೆ ಬಾಗಿಲಲ್ಲೇ ಶೂ ಬಿಡಬೇಕು. ಕಲ್ಲಿದ್ದಲ ಪುಡಿ ಮನೆಯೊಳಗೆ ಬಾರದಿರಲಿ ಅಂತ ಗಣಿ ಕೆಲಸಗಾರರು ಮಾಡಿಕೊಂಡ ರೂಢಿ ಇವತ್ತಿಗೂ ಉಳಿದಿದೆ. ಅವ್ವ ಮೊದಲ ಸಲ ಅಲ್ಲಿನ ಶೂ ಗೂಡು ನೋಡಿ, "ಇವ್ರೂ ನಮ್ಮಂಗ ಅದಾರ ನೋಡು" ಅಂದಳು. ಆಮೇಲೆ ಅವಳಿಗೆ ಊರು ಪರಕೀಯ ಅನಿಸಲೇ ಇಲ್ಲ.

ಊಟದ ಗಂಟು

ಅಲ್ಲಿ ಏನೂ ಬೆಳೆಯುವುದಿಲ್ಲ, ಎಲ್ಲ ಹಡಗು, ವಿಮಾನದಲ್ಲಿ ಬರಬೇಕು. ಬೆಲೆ ನಾರ್ವೆಯ ಲೆಕ್ಕಕ್ಕೂ ಜಾಸ್ತಿ. ಸಸ್ಯಾಹಾರಿಗಳಿಗೆ ಪಿಜ್ಜಾ, ಸೂಪು, ಬ್ರೆಡ್ಡು ಸಿಗುತ್ತದೆ, ಹಸಿವಿನಿಂದ ಇರಬೇಕಿಲ್ಲ. ಆದರೂ ಮೂರು ಹೊತ್ತಿಗೆ ಆಗುವಷ್ಟು ಒಯ್ಯಿರಿ. ಅವಲಕ್ಕಿ, ಚಟ್ನಿಪುಡಿ, ಬಿಸಿನೀರು ಹಾಕಿದರೆ ಸಾಕಾಗುವ ಉಪ್ಪಿಟ್ಟಿನ ಪ್ಯಾಕೆಟ್ಟು, ಖಡಕ್ ರೊಟ್ಟಿ. ನಾರ್ವೆಗೆ ಯುರೋಪಿನ ಹೊರಗಿನಿಂದ ಮಾಂಸ, ಹಾಲಿನ ಪದಾರ್ಥ ಒಯ್ಯುವಂತಿಲ್ಲ. ಅಂದರೆ ತುಪ್ಪ, ಪೇಡೆ, ಕುಂದಾ ಮನೆಯಲ್ಲೇ ಇರಲಿ. ನಲ್ಲಿ ನೀರು ಕುಡಿಯಬಹುದು, ಬಾಟಲಿ ಕೊಳ್ಳಬೇಡಿ. ಕಾರ್ಡ್ ಎಲ್ಲ ಕಡೆ ನಡೆಯುತ್ತದೆ.

ಟೂರಿನ ದಿನ

ಹೇಳಿದ ಹೊತ್ತಿಗೆ ಐದು ನಿಮಿಷ ಮುಂಚೆ ಹೋಟೆಲಿನ ಬಾಗಿಲಲ್ಲಿ ಶೂ ಹಾಕಿಕೊಂಡು ನಿಂತಿರಿ. ಬಸ್ ಬೇರೆ ಹೋಟೆಲುಗಳಿಗೂ ಹೋಗಬೇಕು, ಕಾಯುವುದಿಲ್ಲ. ಹತ್ತುವಾಗ ನಿಮ್ಮ ಮಂಡಿನೋವು, ಬೆನ್ನುನೋವು ಏನಿದ್ದರೂ ಗೈಡ್‌ಗೆ ಹೇಳಿಬಿಡಿ. ನಮ್ಮ ಗೈಡ್ ಅವ್ವನನ್ನು ಮುಂದಿನ ಸೀಟಿನಲ್ಲಿ ಕೂರಿಸಿ, ಪ್ರತಿ ಸಲ ಇಳಿಯುವಾಗ ಚಿಕ್ಕ ಸ್ಟೂಲ್ ಇಟ್ಟುಕೊಟ್ಟರು.

ಯಾವ ಕಂಪನಿಯವರ ಜೊತೆ ಹೋದರೂ ನೋಡುವ ಜಾಗಗಳು ಹೆಚ್ಚುಕಡಿಮೆ ಅವೇ. ಗುಡ್ಡದ ಮೈಮೇಲೆ ಮರದ ಕಂಬಗಳು ಸಾಲಾಗಿ ನಿಂತಿರುತ್ತವೆ. ಗಣಿಯಿಂದ ಬಂದರಿಗೆ ಕಲ್ಲಿದ್ದಲು ತುಂಬಿದ ತೊಟ್ಟಿಗಳು ತೂಗುತ್ತಾ ಹೋಗುತ್ತಿದ್ದ ದಾರಿ ಅದು. ಊರು ಹುಟ್ಟಿದ್ದೇ ಕಲ್ಲಿದ್ದಲಿನಿಂದ. ಜಾನ್ ಲಾಂಗ್‌ಇಯರ್ ಅನ್ನುವ ಅಮೆರಿಕದವರ ಕಂಪನಿ 1906ರಲ್ಲಿ ಇಲ್ಲಿ ಗಣಿ ಶುರು ಮಾಡಿತು. ಬೈಯೆನ್ ಅಂದರೆ ಊರು. ಕೊನೆಯ ನಾರ್ವೆ ಗಣಿ, ನಂಬರ್ 7, 2025ರಲ್ಲಿ ಮುಚ್ಚಿತು. ಊರಿಗೆ ಕರೆಂಟ್ ಕೊಡುತ್ತಿದ್ದ ಕಲ್ಲಿದ್ದಲ ಸ್ಥಾವರ 2023ರಲ್ಲೇ ನಿಂತಿತ್ತು. ಆ ಕಂಬಗಳಿಂದ ಒಂದು ಮೊಳೆಯನ್ನೂ ಕೀಳುವಂತಿಲ್ಲ. 1946ಕ್ಕಿಂತ ಮುಂಚಿನ ಮನುಷ್ಯರ ಗುರುತು ಏನೇ ಇದ್ದರೂ, ತುಕ್ಕು ಹಿಡಿದ ಡಬ್ಬಿಯಾದರೂ, ಕಾನೂನಿನ ರಕ್ಷಣೆಯಲ್ಲಿದೆ. ನೆನಪಿಗೆ ಅಂತ ಏನನ್ನೂ ಜೇಬಿಗೆ ಹಾಕಿಕೊಳ್ಳಬೇಡಿ. ಹೂವನ್ನೂ ಕೀಳಬೇಡಿ.

ಬೆಟ್ಟದ ಇಳಿಜಾರಿನಲ್ಲಿ ಸಾಲು ಬೇಲಿಗಳು ಕಾಣುತ್ತವೆ. ಯಾಕೆ ಅಂತ ಕೇಳಿ. 2015ರ ಡಿಸೆಂಬರ್ 19ರಂದು ಆ ಬೆಟ್ಟದಿಂದ ಹಿಮ ಕುಸಿದು ಮನೆಗಳನ್ನು ತಳ್ಳಿಕೊಂಡು ಹೋಯಿತು. ಇಬ್ಬರು ಸತ್ತರು. ಇಲ್ಲಿನ ಹವಾಮಾನ ಪ್ರಪಂಚದ ಬೇರೆ ಕಡೆಗಿಂತ ಬಹಳ ಬೇಗ ಬಿಸಿಯಾಗುತ್ತಿದೆ. 2020ರ ಜುಲೈನಲ್ಲಿ ಇದೇ ಊರಲ್ಲಿ 21.7 ಡಿಗ್ರಿ ದಾಖಲಾಯಿತು. ಗೈಡ್‌ಗಳು ಈ ಮಾತನ್ನು ದನಿ ಏರಿಸದೆ ಹೇಳುತ್ತಾರೆ. ಅವರು ಕಣ್ಣಾರೆ ಕಂಡದ್ದು ಅದು.

ಬೀಜದ ಉಗ್ರಾಣದ ಹತ್ತಿರ ನಿಧಾನವಾಗಿ ನಿಲ್ಲಿ. ವಿಮಾನ ನಿಲ್ದಾಣದ ಮೇಲಿನ ಗುಡ್ಡದಲ್ಲಿ ಒಂದು ಕಾಂಕ್ರೀಟ್ ಬಾಗಿಲು ಮಾತ್ರ ಹೊರಗೆ ಚಾಚಿಕೊಂಡಿದೆ. 2008ರ ಫೆಬ್ರವರಿ 26ರಂದು ಶುರುವಾಯಿತು. ಪ್ರಪಂಚದ ನಾನಾ ದೇಶಗಳ ಬೆಳೆಯ ಬೀಜಗಳನ್ನು ಗುಡ್ಡದ ಒಳಗೆ, 100 ಮೀಟರ್‌ಗೂ ಹೆಚ್ಚು ಆಳದಲ್ಲಿ, ಮೈನಸ್ 18 ಡಿಗ್ರಿಯಲ್ಲಿ ಇಟ್ಟಿದ್ದಾರೆ. 45 ಲಕ್ಷ ಬಗೆಯ ಮಾದರಿಗಳಿಗೆ ಜಾಗವಿದೆ. ಈಗ ಇರುವುದು 12 ಲಕ್ಷಕ್ಕೂ ಹೆಚ್ಚು. ಸಿರಿಯಾದಲ್ಲಿ ಯುದ್ಧ ಶುರುವಾಗಿ ಅಲೆಪ್ಪೊದ ಬೀಜ ಸಂಗ್ರಹ ಕೇಂದ್ರ ಕೈಗೆ ಸಿಗದಂತಾದಾಗ, 2015ರಲ್ಲಿ ಮೊದಲ ಬಾರಿಗೆ ಇಲ್ಲಿಂದ ಬೀಜ ವಾಪಸ್ ತೆಗೆದರು. ಅವನ್ನು ಬೇರೆ ಕಡೆ ಬಿತ್ತಿ, ಬೆಳೆದು, ಹೊಸ ಬೀಜವನ್ನು ಮತ್ತೆ ತಂದಿಟ್ಟರು.

ಪ್ರವಾಸಿಗರಿಗೆ ಒಳಗೆ ಪ್ರವೇಶ ಇಲ್ಲ. ಬಾಗಿಲ ಮುಂದೆ ನಿಲ್ಲಬಹುದು, ಅಷ್ಟೇ. ಕೆಲವರು ಇಷ್ಟೇನಾ ಅಂತ ಮುಖ ಸಣ್ಣ ಮಾಡಿಕೊಂಡು ಬಸ್ಸಿಗೆ ವಾಪಸ್ ಹೋದರು. ಅವ್ವ ಹೋಗಲಿಲ್ಲ. ನಮ್ಮದು ಗದಗ ಕಡೆಯ ಜೋಳದ ಹೊಲ. "ನಮ್ಮ ಜ್ವಾಳಾನೂ ಇಲ್ಲಿ ಐತೇನು?" ಅಂತ ಕೇಳಿದಳು. ನಾನು ಗೈಡ್‌ಗೆ ಇಂಗ್ಲಿಷಿನಲ್ಲಿ ಕೇಳಿದೆ. ಇದೆ ಅಂದರು. ಹೈದರಾಬಾದ್ ಹತ್ತಿರದ ಇಕ್ರಿಸಾಟ್ ಅನ್ನುವ ಕೃಷಿ ಸಂಶೋಧನಾ ಸಂಸ್ಥೆ ಜೋಳ, ಸಜ್ಜೆ, ತೊಗರಿ, ಕಡಲೆ, ಶೇಂಗಾ ಬೀಜಗಳನ್ನು ಇಲ್ಲಿಗೆ ಕಳಿಸಿದೆ. ಅವ್ವ ಆ ಬಾಗಿಲಿಗೆ ಕೈ ಮುಗಿದಳು. ಬಿತ್ತುವ ಮುಂಚೆ ಕೂರಿಗೆಗೆ ಮುಗಿಯುತ್ತಾಳಲ್ಲ, ಹಾಗೇ.

ಅಲ್ಲಿಂದ ಊರಿನ ಇನ್ನೊಂದು ತುದಿ, ಅಡ್ವೆಂಟ್‌ಡಾಲೆನ್ ಕಣಿವೆ. ಕೆಂಪು ಅಂಚಿನ ತ್ರಿಕೋನ ಫಲಕದಲ್ಲಿ ಬಿಳಿ ಕರಡಿಯ ಚಿತ್ರ. ಅದರ ಕೆಳಗೆ ನಾರ್ವೆ ಭಾಷೆಯಲ್ಲಿ "ಸ್ವಾಲ್‌ಬಾರ್ಡಿಗೆಲ್ಲ ಅನ್ವಯ" ಅಂತ ಬರೆದಿದೆ. ಎಲ್ಲರೂ ಫೋಟೋ ತೆಗೆಸಿಕೊಳ್ಳುವುದು ಇಲ್ಲೇ. ಫಲಕ ದಾಟಿ ಮುಂದೆ ಹೋಗಬೇಡಿ. ಗೈಡ್ ಮೊದಲು ಇಳಿದು, ಬಂದೂಕು ಹೆಗಲಿಗೇರಿಸಿ, ದುರ್ಬೀನಿನಲ್ಲಿ ಸುತ್ತ ನೋಡಿದ ಮೇಲೆ ಕರೆಯುತ್ತಾರೆ. ಅವರು ಕರೆಯುವವರೆಗೆ ಬಸ್ಸಿನಲ್ಲೇ ಇರಿ. ಊರಿನ ಅಂಗಡಿ ಬಾಗಿಲುಗಳಲ್ಲಿ ಬಂದೂಕು ಒಳಗೆ ತರಬೇಡಿ ಅನ್ನುವ ಗುರುತು ಇರುವುದು ಯಾಕೆ ಅಂತ ಆಗ ಅರ್ಥವಾಗುತ್ತದೆ.

ನನಗೆ ಇಡೀ ಟೂರಿನಲ್ಲಿ ಮರೆಯಲಾಗದ್ದು ಕಾಣಿಸಿದ್ದು ಅಲ್ಲೇ ಹತ್ತಿರ, ಸ್ಲೆಡ್ಜ್ ನಾಯಿಗಳನ್ನು ಸಾಕುವ ಜಾಗದ ಪಕ್ಕ. ಹತ್ತಾರು ನಾಯಿಗಳು ಸರಪಳಿಯಲ್ಲಿ ಕುಣಿಯುತ್ತಾ ಊಳಿಡುತ್ತಿದ್ದವು. ಗೈಡ್ ರಸ್ತೆ ಬದಿ ನಿಲ್ಲಿಸಿ ಕೆಳಗೆ ನೋಡಿ ಅಂದರು. ಬರೀ ಕಲ್ಲು, ಒಣಹುಲ್ಲು. ಮತ್ತೆ ನೋಡಿ ಅಂದರು. ಆಗ ಒಂದು ಕಲ್ಲು ಕಣ್ಣು ಮಿಟುಕಿಸಿತು. ಕಂದು ಬಣ್ಣದ ಹೆಣ್ಣು ಐಡರ್ ಬಾತು, ತನ್ನದೇ ಎದೆಯ ಮೆತ್ತನೆ ತುಪ್ಪಳ ಕಿತ್ತು ಮಾಡಿದ ಗೂಡಿನ ಮೇಲೆ ಕೂತಿತ್ತು. ಅದರ ಪಕ್ಕ ಇನ್ನೊಂದು, ಆಚೆ ಮತ್ತೊಂದು. ನಾವು ನಿಂತಲ್ಲಿಂದ ನಾಲ್ಕೈದು ಹೆಜ್ಜೆ ದೂರ. ಅಷ್ಟು ಗಲಾಟೆಯ ನಡುವೆ ಯಾಕೆ ಗೂಡು ಕಟ್ಟುತ್ತವೆ ಗೊತ್ತಾ? ಮೊಟ್ಟೆ ಕದಿಯುವ ನರಿ ನಾಯಿಗಳಿಗೆ ಹೆದರಿ ಅತ್ತ ಸುಳಿಯುವುದು ಕಡಿಮೆ. ನಾಯಿಗಳಿಗೋ ಸರಪಳಿ. ಆ ಲೆಕ್ಕ ಬಾತಿಗೆ ಗೊತ್ತು. ಜೂನ್‌ನಲ್ಲಿ ಹೋದರೆ ಗೈಡ್ ಹತ್ತಿರ ಇದನ್ನು ಕೇಳಿಯೇ ನೋಡಿ. ರಸ್ತೆ ಬಿಟ್ಟು ಇಳಿಯಬೇಡಿ. ನೀವು ಹತ್ತಿರ ಹೋಗಿ ಬಾತು ಎದ್ದರೆ, ಮೇಲೆ ಸುತ್ತುವ ಕಡಲಹಕ್ಕಿಗೆ ಮೊಟ್ಟೆ ಸಿಕ್ಕಹಾಗೆ.

ಅದೇ ಕಾಲದಲ್ಲಿ ಆರ್ಕ್ಟಿಕ್ ಟರ್ನ್ ಹಕ್ಕಿಗಳೂ ರಸ್ತೆ ಬದಿಯ ಜಲ್ಲಿಯಲ್ಲಿ ಮೊಟ್ಟೆ ಇಟ್ಟಿರುತ್ತವೆ. ಪ್ರತಿ ವರ್ಷ ಆರ್ಕ್ಟಿಕ್‌ನಿಂದ ಅಂಟಾರ್ಕ್ಟಿಕದ ಕಡಲಿನವರೆಗೆ ಹಾರಿ ವಾಪಸ್ ಬರುವ ಹಕ್ಕಿ ಅದು. ಹತ್ತಿರ ಬಂದವರ ತಲೆಗೆ ನೇರ ಕುಕ್ಕುತ್ತದೆ. ಎಲ್ಲಕ್ಕಿಂತ ಎತ್ತರದಲ್ಲಿ ಏನಿದೆಯೋ ಅದರ ಮೇಲೇ ಎರಗುವುದು ಅದರ ಅಭ್ಯಾಸ. ಅದಕ್ಕೆ ಊರಿನವರು ಕೋಲನ್ನೋ ಕೈಯನ್ನೋ ತಲೆ ಮೇಲೆ ಎತ್ತಿ ಹಿಡಿದು ನಡೆಯುತ್ತಾರೆ. ಅವ್ವ ಮಡಿಚಿದ ಕೊಡೆ ಎತ್ತಿ ಹಿಡಿದಳು. ಹಕ್ಕಿ ಕೊಡೆಯ ತುದಿಗೆ ಟಕ್ ಟಕ್ ಅಂತ ಎರಡು ಏಟು ಕೊಟ್ಟು ಹೋಯಿತು. ಬೀಸಬೇಡಿ, ಓಡಬೇಡಿ, ಬಂದ ದಾರಿಯಲ್ಲಿ ಸುಮ್ಮನೆ ವಾಪಸ್ ಬನ್ನಿ.

ಗಿಡ್ಡ ಕಾಲಿನ ಹಿಮಸಾರಂಗಗಳು ಮನೆಗಳ ನಡುವೆಯೇ ಮೇಯುತ್ತಿರುತ್ತವೆ. ದೂರದಿಂದಲೇ ಫೋಟೋ ತೆಗೆಯಿರಿ. ಶಾಲೆಯ ಮಕ್ಕಳ, ಮನೆ ಕಿಟಕಿಗಳ ಫೋಟೋ ಬೇಡ. ಡ್ರೋನ್ ಮನೆಯಲ್ಲೇ ಬಿಡಿ. ಊರು ವಿಮಾನ ನಿಲ್ದಾಣದ ಮಗ್ಗುಲಲ್ಲೇ ಇರುವುದರಿಂದ ಅಲ್ಲಿ ಹಾರಿಸುವಂತಿಲ್ಲ.

ಗೈಡ್‌ಗೆ ಪ್ರಶ್ನೆ ಕೇಳುವುದರಲ್ಲಿ ಜಿಪುಣತನ ಮಾಡಬೇಡಿ. ನೀವು ಇಲ್ಲಿಗೆ ಯಾಕೆ ಬಂದಿರಿ, ಮೊದಲ ಚಳಿಗಾಲ ಹೇಗಿತ್ತು ಅಂತ ಕೇಳಿ. ನಮ್ಮ ಗೈಡ್ ಕತ್ತಲ ತಿಂಗಳುಗಳ ಬಗ್ಗೆ ಹೇಳಿದ್ದು ಯಾವ ಮ್ಯೂಸಿಯಂನಲ್ಲೂ ಸಿಗಲಿಲ್ಲ. ಟಿಪ್ಸ್ ಕೊಡಲೇಬೇಕು ಅಂತೇನಿಲ್ಲ. ಖುಷಿಯಾದರೆ ಕೊಡಿ.

ನಮ್ಮ ಹಿಮಾದ್ರಿ ನೋಡಬಹುದಾ?

ಇದನ್ನು ನನಗೆ ಎಲ್ಲರೂ ಕೇಳುತ್ತಾರೆ. ಭಾರತದ ಸಂಶೋಧನಾ ಕೇಂದ್ರ ಹಿಮಾದ್ರಿ ಇರುವುದು ಇದೇ ದ್ವೀಪದ ನೀ-ಓಲೆಸುಂಡ್‌ನಲ್ಲಿ, ಲಾಂಗ್‌ಇಯರ್‌ಬೈಯೆನ್‌ನಿಂದ ನೂರು ಕಿಲೋಮೀಟರ್‌ಗೂ ಹೆಚ್ಚು ದೂರ. 2008ರ ಜುಲೈ 1ರಂದು ಶುರುವಾಯಿತು. 2023ರ ಡಿಸೆಂಬರ್‌ನಿಂದ ಚಳಿಗಾಲದಲ್ಲೂ ನಮ್ಮ ವಿಜ್ಞಾನಿಗಳು ಅಲ್ಲಿ ಕೆಲಸ ಮಾಡುತ್ತಿದ್ದಾರೆ. ರಸ್ತೆ ಇಲ್ಲ. ಹಡಗಿನ ಪ್ರವಾಸದಲ್ಲಿ ಮಾತ್ರ ಹೋಗಬಹುದು. ಅದೂ ಕಟ್ಟಡವನ್ನು ಹೊರಗಿನಿಂದ ನೋಡಬಹುದಷ್ಟೇ. ಸುತ್ತ 20 ಕಿಲೋಮೀಟರ್ ವೈಫೈ, ಬ್ಲೂಟೂತ್ ಎಲ್ಲ ಆಫ್ ಮಾಡಿರಬೇಕು. ಅಲ್ಲಿನ ಸೂಕ್ಷ್ಮ ಉಪಕರಣಗಳಿಗೆ ತೊಂದರೆಯಾಗುತ್ತದೆ. ಮೂರು ದಿನದ ಪ್ರವಾಸದಲ್ಲಿ ಇದಕ್ಕೆ ಆಸೆಪಡಬೇಡಿ.

ಟೂರ್ ಮುಗಿದ ಮೇಲೆ

ಬಸ್ ಹೋಟೆಲಿಗೆ ಬಿಡುತ್ತದೆ. ಊರ ಮಧ್ಯದಲ್ಲೇ ಇಳಿಸಿ ಅಂತ ಕೇಳಿಕೊಳ್ಳಿ. ಸ್ವಾಲ್‌ಬಾರ್ಡ್ ಮ್ಯೂಸಿಯಂಗೆ ಒಂದೂವರೆ ಗಂಟೆ ಕೊಡಿ. ಈಗ ತಾನೇ ನೋಡಿ ಬಂದದ್ದು ಅಲ್ಲಿ ಒಂದಕ್ಕೊಂದು ಕೂಡಿಕೊಳ್ಳುತ್ತದೆ. ಮಂಡಿ ಗಟ್ಟಿ ಇರುವವರು ಮರುದಿನ ಗಣಿ ನಂಬರ್ 3ಕ್ಕೆ ಹೋಗಿ. ಮೇಲಂಗಿ, ಹೆಲ್ಮೆಟ್, ದೀಪ ಅವರೇ ಕೊಡುತ್ತಾರೆ. ರಾತ್ರಿ ನಿದ್ದೆ ಬರದಿದ್ದರೆ ಚರ್ಚ್‌ಗೆ ಹೋಗಿ. ಅದರ ಬಾಗಿಲು ಯಾವ ಹೊತ್ತಿಗೂ ತೆರೆದಿರುತ್ತದೆ. ಶೂ ಬಿಟ್ಟು ಒಳಗೆ ಹೋದರೆ ಸೋಫಾಗಳಿವೆ, ಕಾಫಿ ಇದೆ. ಯಾವ ಧರ್ಮದವರು ಅಂತ ಯಾರೂ ಕೇಳುವುದಿಲ್ಲ. ನಾವು ರಾತ್ರಿ ಹನ್ನೊಂದೂವರೆಗೆ ಹೋಗಿ ಕೂತಿದ್ದೆವು. ಕಿಟಕಿಯಾಚೆ ಕಣಿವೆಯ ಮೇಲೆ ಬಿಸಿಲು ಬಿದ್ದಿತ್ತು.

ವಾಪಸ್ ಬರುವ ದಿನ ವಿಮಾನದ ಹೊತ್ತಿಗೆ ಹೊಂದಿಕೊಂಡು ಬಸ್ ಇರುತ್ತದೆ, ಹಿಂದಿನ ದಿನವೇ ಹೋಟೆಲಿನಲ್ಲಿ ಸಮಯ ಕೇಳಿಟ್ಟುಕೊಳ್ಳಿ. ಪಾಸ್‌ಪೋರ್ಟ್ ಕೈಚೀಲದಲ್ಲೇ ಇರಲಿ, ನಾರ್ವೆಗೆ ಇಳಿದಾಗ ಮತ್ತೆ ತಪಾಸಣೆ ಆಗುತ್ತದೆ. ಆ ಸಾಲು ಕೆಲವೊಮ್ಮೆ ಉದ್ದ ಇರುತ್ತದೆ. ಹಾಗಾಗಿ ಓಸ್ಲೋದಿಂದ ಮುಂದಿನ ವಿಮಾನಕ್ಕೆ ಕನಿಷ್ಠ ನಾಲ್ಕು ಗಂಟೆ ಬಿಡುವು ಇಟ್ಟು ಟಿಕೆಟ್ ಮಾಡಿಸಿ. ಸಾಧ್ಯವಾದರೆ ಓಸ್ಲೋದಲ್ಲಿ ಒಂದು ರಾತ್ರಿ ಉಳಿದುಕೊಳ್ಳಿ. ಮಂಜು ಕವಿದು ವಿಮಾನ ಅರ್ಧ ದಿನ ತಡವಾದರೂ ಬೆಂಗಳೂರಿನ ವಿಮಾನ ತಪ್ಪುವುದಿಲ್ಲ.